ಪೆಡಲ್ ಒತ್ತಿದರೂ ಕಾರು ಏಕೆ ಓಡದು?

ಕುಮಟಾ ತಾಲ್ಲೂಕಿನ ಹೊಳನಗದ್ದೆಯಿಂದ ಶಿರಸಿಯ ಕಡೆಗೆ ಒಂದು ಕಾರು ಹೊರಟಿದೆ ಎಂದು ಭಾವಿಸಿ. ಆಷಾಢದ ಮಳೆ. ದೇವಿಮನೆ ಘಟ್ಟದ ಏರು ಶುರುವಾಗಿದೆ. ಇದ್ದಕ್ಕಿದ್ದಂತೆ ಚಾಲಕನ ಮುಂದಿನ ಫಲಕದಲ್ಲಿ ಎಂಜಿನ್ ಚಿತ್ರದ ಹಳದಿ ದೀಪ ಹೊತ್ತಿಕೊಳ್ಳುತ್ತದೆ. ಎಂಜಿನ್ ನಿಂತಿಲ್ಲ, ಆದರೆ ಆಕ್ಸಿಲರೇಟರ್ ಪೆಡಲನ್ನು ಎಷ್ಟು ಒತ್ತಿದರೂ ಕಾರು ಆಮೆಯಂತೆ ತೆವಳುತ್ತದೆ. ಬದಿಗೆ ನಿಲ್ಲಿಸಿ, ಎಂಜಿನ್ ಆರಿಸಿ ಮತ್ತೆ ಚಾಲೂ ಮಾಡಿದರೆ ಎಲ್ಲವೂ ಸರಿ! ಸ್ವಲ್ಪ ದೂರ ಹೋದ ಮೇಲೆ ಮತ್ತೆ ಅದೇ ತೊಂದರೆ. ಗ್ಯಾರೇಜಿನಲ್ಲಿ ಸ್ಕ್ಯಾನರ್ ಜೋಡಿಸಿದಾಗ ‘ಪಿ 2138’ ಎಂಬ ಸಂಕೇತ ಕಾಣುತ್ತದೆ. ‘ಪೆಡಲ್ ಸೆನ್ಸರ್ ಹೋಗಿದೆ, ಹೊಸದು ಹಾಕಬೇಕು’ ಎಂಬ ತೀರ್ಪು ಬರುತ್ತದೆ. ಸಾವಿರಾರು ರೂಪಾಯಿ ಕೊಟ್ಟು ಹೊಸ ಪೆಡಲ್ ಹಾಕಿಸಿದ ಮೇಲೂ ಮುಂದಿನ ಜೋರು ಮಳೆಗೆ ದೀಪ ಪುನಃ ಹೊತ್ತಿಕೊಂಡರೆ?

ಹೀಗಾಗುವುದಕ್ಕೆ ಕಾರಣವಿದೆ. ಸ್ಕ್ಯಾನರ್ ತೋರಿಸುವ ಸಂಕೇತ ದೋಷವಿರುವ ವಿದ್ಯುನ್ಮಂಡಲವನ್ನು ಹೆಸರಿಸುತ್ತದೆಯೇ ಹೊರತು ಕೆಟ್ಟ ಬಿಡಿಭಾಗವನ್ನಲ್ಲ. ಆ ಮಂಡಲದಲ್ಲಿ ಪೆಡಲ್ ಇದೆ, ತಂತಿಗಳಿವೆ, ಕನೆಕ್ಟರುಗಳಿವೆ, ಕೊನೆಯಲ್ಲಿ ಎಂಜಿನ್ನಿನ ಗಣಕವೂ ಇದೆ. ಇವುಗಳಲ್ಲಿ ತಪ್ಪು ಯಾರದು ಎಂಬುದನ್ನು ಅಳತೆ ಮಾಡಿಯೇ ತಿಳಿಯಬೇಕು. ಅದಕ್ಕೆ ಬೇಕಾಗುವ ವಿಜ್ಞಾನ ಹೈಸ್ಕೂಲಿನಲ್ಲಿ ಕಲಿತ ಓಮನ ನಿಯಮಕ್ಕಿಂತ ಹೆಚ್ಚಿನದೇನಲ್ಲ.

ಉಕ್ಕಿನ ತಂತಿಯ ಜಾಗದಲ್ಲಿ ವಿದ್ಯುತ್ತು

ಹಳೆಯ ಅಂಬಾಸಡರ್, ಮಾರುತಿ 800 ಮುಂತಾದ ಕಾರುಗಳಲ್ಲಿ ಪೆಡಲಿಗೂ ಎಂಜಿನ್ನಿಗೂ ನೇರ ಯಾಂತ್ರಿಕ ಸಂಬಂಧವಿತ್ತು. ಮಾರುತಿ 800ರಲ್ಲಿ ಪೆಡಲ್ ಒತ್ತಿದರೆ ಕೇಬಲ್ ಎಳೆಯುತ್ತಿತ್ತು. ಎಂಜಿನ್ನಿಗೆ ಗಾಳಿ ಬಿಡುವ ಥ್ರಾಟಲ್ ಕವಾಟ ತೆರೆಯುತ್ತಿತ್ತು. ಕೇಬಲ್ ತುಕ್ಕು ಹಿಡಿದರೆ ಪೆಡಲ್ ಬಿಗಿಯಾಗುತ್ತಿತ್ತು, ಎಳೆ ಬಿಚ್ಚಿದರೆ ಕಣ್ಣಿಗೇ ಕಾಣುತ್ತಿತ್ತು.

ಈಗಿನ ಕಾರುಗಳಲ್ಲಿ ಆ ಕೇಬಲ್ ಇಲ್ಲ. ಪೆಡಲ್ ಎಷ್ಟು ಕೆಳಗಿಳಿದಿದೆ ಎಂಬುದನ್ನು ಅದರ ಬುಡದಲ್ಲಿರುವ ಸಂವೇದಕ, ಅಂದರೆ ಸೆನ್ಸರ್, ವಿದ್ಯುತ್ ವಿಭವವಾಗಿ ಬದಲಿಸಿ ಗಣಕಕ್ಕೆ ತಿಳಿಸುತ್ತದೆ. ಗಣಕವು ಎಂಜಿನ್ನಿನ ವೇಗ, ಉಷ್ಣತೆ ಮೊದಲಾದುವನ್ನೂ ಪರಿಗಣಿಸಿ, ಪೆಟ್ರೋಲ್ ಕಾರಿನಲ್ಲಾದರೆ ಪುಟ್ಟ ಮೋಟಾರಿನ ಮೂಲಕ ಥ್ರಾಟಲ್ ಕವಾಟವನ್ನು ತೆರೆಯಿಸುತ್ತದೆ. ಡೀಸೆಲ್ ಕಾರಿನಲ್ಲಾದರೆ ಚಿಮ್ಮಿಸಬೇಕಾದ ಇಂಧನದ ಪ್ರಮಾಣವನ್ನು ನಿರ್ಧರಿಸುತ್ತದೆ. 1980ರ ದಶಕದ ಕೊನೆಯಲ್ಲಿ ಬಿ.ಎಂ.ಡಬ್ಲ್ಯು.ನಂಥ ದುಬಾರಿ ಕಾರುಗಳಲ್ಲಿ ಕಾಣಿಸಿಕೊಂಡ ಈ ಏರ್ಪಾಡು ಇಂದು ಸಾಮಾನ್ಯ ಕಾರುಗಳಲ್ಲೂ ಇದೆ. ಹೊಗೆಯ ಮಾಲಿನ್ಯವನ್ನು ಮಿತಿಯಲ್ಲಿಡಲು ಎಂಜಿನ್ನಿಗೆ ಹೋಗುವ ಗಾಳಿ ಮತ್ತು ಇಂಧನ ಎರಡೂ ಗಣಕದ ಹಿಡಿತದಲ್ಲಿರುವುದು ಅನುಕೂಲವಷ್ಟೆ.

ಪೆಡಲಿನ ಬುಡದಲ್ಲಿ ಏನಿದೆ?

ಸಂವೇದಕಗಳಲ್ಲಿ ಮುಖ್ಯವಾಗಿ ಎರಡು ಬಗೆ. ಮೊದಲನೆಯದು ವಿಭವಮಾಪಕ, ಅಂದರೆ ಪೊಟೆನ್ಷಿಯೋಮೀಟರ್. ರೇಡಿಯೋದ ಧ್ವನಿ ಹೆಚ್ಚು ಕಡಿಮೆ ಮಾಡುವ ತಿರುಗಣೆಯಲ್ಲಿ ಇರುವುದೂ ಇದೇ. ಇಂಗಾಲದ ಲೇಪವಿರುವ ಪಟ್ಟಿಯ ಒಂದು ತುದಿಗೆ 5 ವೋಲ್ಟ್, ಇನ್ನೊಂದು ತುದಿಗೆ ಅರ್ಥ್. ಪಟ್ಟಿಯ ಮೇಲೆ ಜಾರುವ ಲೋಹದ ಬೆರಳು ಪೆಡಲಿನೊಂದಿಗೆ ಚಲಿಸುತ್ತದೆ. ಅದು ನಿಂತ ಸ್ಥಾನಕ್ಕೆ ತಕ್ಕಂತೆ ವಿಭವ ಸಿಗುತ್ತದೆ.

ಎರಡನೆಯದು ಹಾಲ್ ಸಂವೇದಕ. ವಿದ್ಯುತ್ ಹರಿಯುತ್ತಿರುವ ಪಟ್ಟಿಯನ್ನು ಕಾಂತಕ್ಷೇತ್ರದಲ್ಲಿಟ್ಟರೆ ಅದರ ಅಡ್ಡಕ್ಕೆ ಸಣ್ಣ ವಿಭವ ಹುಟ್ಟುತ್ತದೆ ಎಂಬುದನ್ನು ಅಮೆರಿಕದ ಎಡ್ವಿನ್ ಹಾಲ್ 1879ರಲ್ಲಿ ಕಂಡುಹಿಡಿದ. ಪೆಡಲಿನೊಂದಿಗೆ ಒಂದು ಕಾಂತ ತಿರುಗುತ್ತದೆ, ಎದುರಿನ ಅರೆವಾಹಕ ತುಣುಕು ಕಾಂತಕ್ಷೇತ್ರದ ಬದಲಾವಣೆಯನ್ನು ಅಳೆಯುತ್ತದೆ. ಇಲ್ಲಿ ಉಜ್ಜುವ ಭಾಗವಿಲ್ಲದ ಕಾರಣ ಸವೆತವಿಲ್ಲ. ಆದರೆ ಇದನ್ನು ರೋಧ ಅಳೆದು ಪರೀಕ್ಷಿಸಲಾಗದು. ವಿದ್ಯುತ್ ಕೊಟ್ಟು ವಿಭವವನ್ನೇ ಅಳೆಯಬೇಕು.

ಇಬ್ಬರು ಸಾಕ್ಷಿಗಳು

ಯಾವ ಬಗೆಯದಾದರೂ ಒಂದು ಪೆಡಲಿನಲ್ಲಿ ಸಾಮಾನ್ಯವಾಗಿ ಎರಡು ಸಂವೇದಕಗಳಿರುತ್ತವೆ. ಪ್ರತಿಯೊಂದಕ್ಕೂ ತನ್ನದೇ 5 ವೋಲ್ಟ್ ತಂತಿ, ತನ್ನದೇ ಅರ್ಥ್ ತಂತಿ, ತನ್ನದೇ ಸಂಕೇತದ ತಂತಿ. ಹೀಗಾಗಿ ಅನೇಕ ಕಾರುಗಳ ಪೆಡಲ್ ಕನೆಕ್ಟರಿನಲ್ಲಿ ಆರು ಪಿನ್ನುಗಳಿರುತ್ತವೆ. ಹಲವು ಕಾರುಗಳಲ್ಲಿ ಕಾಲು ಇಡದಿದ್ದಾಗ ಮೊದಲನೆಯ ಸಂವೇದಕ ಸುಮಾರು 0.75 ವೋಲ್ಟ್, ಪೂರ್ತಿ ಒತ್ತಿದಾಗ ಸುಮಾರು 4 ವೋಲ್ಟ್ ಕೊಡುತ್ತದೆ. ಎರಡನೆಯದು ಯಾವಾಗಲೂ ಅದರ ಅರ್ಧ. ಕೆಲವು ತಯಾರಕರು ಬೇರೆ ಲೆಕ್ಕ ಇಟ್ಟುಕೊಂಡಿರುತ್ತಾರೆ, ಆದ್ದರಿಂದ ಆಯಾ ಕಾರಿನ ಕೈಪಿಡಿ ನೋಡಬೇಕು.

ಎರಡು ಏಕೆ? ಒಂದೇ ಸಂವೇದಕವಿದ್ದು ಅದು ಕೆಟ್ಟು ‘4 ವೋಲ್ಟ್’ ಎಂದರೆ, ಚಾಲಕ ಕಾಲು ತೆಗೆದಿದ್ದರೂ ಕಾರು ಮುನ್ನುಗ್ಗಬಹುದು. ಇಬ್ಬರು ಸಾಕ್ಷಿಗಳಿದ್ದರೆ ಒಬ್ಬನ ಮಾತನ್ನು ಇನ್ನೊಬ್ಬನ ಮಾತಿನೊಂದಿಗೆ ತಾಳೆ ನೋಡಬಹುದು. ಎರಡರ ಲೆಕ್ಕವನ್ನು ಬೇಕೆಂದೇ ಬೇರೆ ಬೇರೆ ಇಟ್ಟಿರುವುದರಲ್ಲೂ ಜಾಣತನವಿದೆ. ಸಂಕೇತದ ಎರಡು ತಂತಿಗಳು ಒಂದಕ್ಕೊಂದು ತಾಗಿದರೆ ಎರಡೂ ಒಂದೇ ವಿಭವ ತೋರಿಸುತ್ತವೆ. ಎರಡನೆಯದು ಅರ್ಧ ಇರಬೇಕಾದಲ್ಲಿ ಸಮವಾಗಿದ್ದರೆ ಗಣಕಕ್ಕೆ ಮೋಸ ಗೊತ್ತಾಗುತ್ತದೆ.

ಸಾಕ್ಷಿಗಳ ಮಾತು ತಾಳೆಯಾಗದಿದ್ದಾಗ ಗಣಕ ಯಾರನ್ನೂ ಪೂರ್ತಿ ನಂಬುವುದಿಲ್ಲ. ಎಂಜಿನ್ನಿನ ಶಕ್ತಿಯನ್ನು ತಗ್ಗಿಸಿ, ದೀಪ ಹೊತ್ತಿಸಿ, ಕಾರು ನಿಧಾನವಾಗಿ ಮನೆಯನ್ನೋ ಗ್ಯಾರೇಜನ್ನೋ ತಲುಪುವಷ್ಟಕ್ಕೆ ಮಾತ್ರ ಅವಕಾಶ ಕೊಡುತ್ತದೆ. ಇದೇ ಲಿಂಪ್ ಮೋಡ್, ಅಂದರೆ ಕುಂಟುನಡೆ. ಘಟ್ಟದ ಏರಿನಲ್ಲಿ ಇದು ಅಪಾಯವೆನಿಸಬಹುದು. ಆದರೆ ಕಾರು ತಾನಾಗಿ ಮುನ್ನುಗ್ಗುವುದಕ್ಕಿಂತ ಇದು ಎಷ್ಟೋ ವಾಸಿ. ಹಾಗಾದಾಗ ನಾಲ್ಕೂ ದೀಪಗಳನ್ನು ಮಿನುಗಿಸಿ, ಓವರ್‌ಟೇಕ್ ಮಾಡದೆ, ತಿರುವಿಲ್ಲದ ಜಾಗದಲ್ಲಿ ಬದಿಗೆ ನಿಲ್ಲಿಸುವುದು ಸರಿ.

ಸಂಕೇತಗಳ ಅರ್ಥ

ಭಾರತದಲ್ಲಿ ಭಾರತ್ ಸ್ಟೇಜ್-4 ನಿಯಮಗಳ ಜೊತೆಗೆ 2010ರಿಂದ ಹಂತಹಂತವಾಗಿ ಕಾರುಗಳಲ್ಲಿ ಸ್ವಯಂ ದೋಷಪತ್ತೆ ವ್ಯವಸ್ಥೆ ಕಡ್ಡಾಯವಾಯಿತು. 2013ರ ಏಪ್ರಿಲ್‌ನಿಂದ ಅದರ ಎರಡನೆಯ ಹಂತ ಜಾರಿಗೆ ಬಂತು. ಸ್ಟೇರಿಂಗಿನ ಕೆಳಭಾಗದಲ್ಲಿರುವ 16 ಪಿನ್ನುಗಳ ಸಾಕೆಟ್‌ಗೆ ಸ್ಕ್ಯಾನರ್ ಜೋಡಿಸಿದರೆ ಗಣಕ ನೆನಪಿಟ್ಟುಕೊಂಡ ಸಂಕೇತಗಳನ್ನು ಓದಬಹುದು. ಪೆಡಲಿಗೆ ಸಂಬಂಧಿಸಿದ ಮುಖ್ಯವಾದವು ಇವು:

ಪಿ 2122: ಮೊದಲ ಸಂವೇದಕದ ವಿಭವ ತೀರ ಕಡಿಮೆ.
ಪಿ 2123: ಮೊದಲ ಸಂವೇದಕದ ವಿಭವ ತೀರ ಹೆಚ್ಚು.
ಪಿ 2127: ಎರಡನೆಯದರ ವಿಭವ ತೀರ ಕಡಿಮೆ.
ಪಿ 2128: ಎರಡನೆಯದರ ವಿಭವ ತೀರ ಹೆಚ್ಚು.
ಪಿ 2138: ಎರಡರ ನಡುವೆ ಹೊಂದಾಣಿಕೆ ಇಲ್ಲ.

‘ಕಡಿಮೆ’ ಎಂದರೆ ಸಾಮಾನ್ಯವಾಗಿ 5 ವೋಲ್ಟಿನ ತಂತಿ ಅಥವಾ ಸಂಕೇತದ ತಂತಿ ಕಡಿದಿರಬಹುದು, ಇಲ್ಲವೆ ಸಂಕೇತದ ತಂತಿ ಕಾರಿನ ಮೈಗೆ ತಾಗಿರಬಹುದು. ‘ಹೆಚ್ಚು’ ಎಂದರೆ ಅರ್ಥ್ ತಂತಿ ಕಡಿದಿರಬಹುದು. ಅರ್ಥ್ ಇಲ್ಲದ ವಿಭವಮಾಪಕದ ಬೆರಳಿನಲ್ಲಿ ಹೆಚ್ಚುಕಡಿಮೆ 5 ವೋಲ್ಟೇ ಕಾಣುತ್ತದೆ. ಪೆಡಲಿನ ಸಂಕೇತದ ಜೊತೆಗೆ ಪಿ 0641 ಕೂಡ ಬಂದಿದ್ದರೆ ಗಣಕದ 5 ವೋಲ್ಟ್ ಪೂರೈಕೆಯಲ್ಲೇ ದೋಷವಿದೆ ಎಂದರ್ಥ; ಅದೇ ಪೂರೈಕೆಯನ್ನು ಹಂಚಿಕೊಂಡ ಬೇರೊಂದು ಸಂವೇದಕ ಅದನ್ನು ಜಗ್ಗುತ್ತಿರಬಹುದು. ಪಿ 2299 ಬಂದರೆ ಬ್ರೇಕ್ ಮತ್ತು ಆಕ್ಸಿಲರೇಟರ್ ಎರಡೂ ಒಟ್ಟಿಗೆ ಒತ್ತಿದಂತೆ ಗಣಕಕ್ಕೆ ಕಂಡಿದೆ. ಆಗ ಬ್ರೇಕ್ ದೀಪದ ಸ್ವಿಚ್ಚನ್ನೂ ನೋಡಬೇಕು.

ಕಡಲ ತಡಿಯ ಕಾರು

ಭಟ್ಕಳ, ಹೊನ್ನಾವರ, ಕುಮಟಾ ಕರಾವಳಿಯಲ್ಲಿ ವರ್ಷಕ್ಕೆ 3,000 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುತ್ತದೆ. ಗಾಳಿಯಲ್ಲಿ ಸಮುದ್ರದ ಉಪ್ಪಿದೆ. ಮುಂಗಾಜಿನ ಬುಡದ ತೋಡಿನಲ್ಲಿ ತರಗೆಲೆ ಕಟ್ಟಿಕೊಂಡರೆ ಮಳೆನೀರು ಕಾರಿನೊಳಕ್ಕೆ ಇಳಿಯುತ್ತದೆ. ಒದ್ದೆ ಚಪ್ಪಲಿಯ ನೀರು ಮ್ಯಾಟಿನಡಿ ವಾರಗಟ್ಟಲೆ ಆರದೆ ಉಳಿಯುತ್ತದೆ. ಉಪ್ಪು ಬೆರೆತ ತೇವ ಕನೆಕ್ಟರಿನ ಪಿನ್ನುಗಳನ್ನು ತಿಂದಾಗ ಅವುಗಳ ಮೇಲೆ ಹಸಿರು ಅಥವಾ ಬೂದು ಪುಡಿ ಕೂರುತ್ತದೆ. ಇದರಿಂದ ಸಂಪರ್ಕದಲ್ಲಿ ರೋಧ ಹೆಚ್ಚುತ್ತದೆ. ಮಳೆಗಾಲದಲ್ಲಿ ಬೆಚ್ಚನೆಯ ಜಾಗ ಹುಡುಕಿಕೊಂಡು ಬಂದ ಇಲಿ ತಂತಿ ಕಡಿದಿರುವುದೂ ಉಂಟು.

ಈ ರೋಧ ಏನು ಮಾಡಬಲ್ಲದು? ಒಂದು ಲೆಕ್ಕ ನೋಡೋಣ. ಮೊದಲ ಸಂವೇದಕದ ಪಟ್ಟಿಯ ರೋಧ 5,000 ಓಮ್ ಇರಲಿ. ಅದರ ಅರ್ಥ್ ಪಿನ್ನಿನಲ್ಲಿ ಕಿಲುಬಿನಿಂದ 500 ಓಮ್ ಸೇರಿಕೊಂಡಿತು ಎನ್ನೋಣ. ಈಗ ಒಟ್ಟು ರೋಧ 5,500 ಓಮ್. 5 ವೋಲ್ಟಿನಲ್ಲಿ ಸುಮಾರು 0.45 ವೋಲ್ಟ್ ಆ ಪಿನ್ನಿನಲ್ಲೇ ಉಳಿಯುತ್ತದೆ. ಪಟ್ಟಿಗೆ ಸಿಗುವುದು 4.55 ವೋಲ್ಟ್. ಕಾಲು ಇಡದಿದ್ದಾಗ ಬೆರಳು ಪಟ್ಟಿಯ ಶೇಕಡಾ 15ರಲ್ಲಿ ಇರುತ್ತದೆ. ಆಗ ಬರಬೇಕಾದದ್ದು 0.75 ವೋಲ್ಟ್, ಬರುವುದು 0.45 ಮತ್ತು 0.68 ಸೇರಿ ಸುಮಾರು 1.13 ವೋಲ್ಟ್. ಎರಡನೆಯ ಸಂವೇದಕ ಮಾತ್ರ ತನ್ನ 0.375 ವೋಲ್ಟನ್ನೇ ಕೊಡುತ್ತಿದೆ. ಅದರ ಎರಡರಷ್ಟು 0.75. ಲೆಕ್ಕ ತಾಳೆಯಾಗಲಿಲ್ಲ! ಪಿ 2138 ಬರಲು ಇಷ್ಟು ಸಾಕು. ಸಂವೇದಕಗಳೆರಡೂ ಸರಿಯಾಗಿಯೇ ಇವೆ ಎಂಬುದನ್ನು ಗಮನಿಸಿ.

ಇದೇ 500 ಓಮ್ 5 ವೋಲ್ಟಿನ ಪಿನ್ನಿನಲ್ಲಿ ಸೇರಿದ್ದರೆ? ಕಾಲು ಇಡದಿದ್ದಾಗ 0.75ರ ಬದಲು 0.68, ಹೆಚ್ಚಿನ ವ್ಯತ್ಯಾಸವಿಲ್ಲ. ಪೂರ್ತಿ ಒತ್ತಿದಾಗ 4ರ ಬದಲು 3.64. ಅಂದರೆ ಅರ್ಥ್ ಕಡೆಯ ದೋಷ ಪೆಡಲ್ ಬಿಟ್ಟಾಗ ಎದ್ದು ಕಾಣುತ್ತದೆ, ಪೂರೈಕೆಯ ಕಡೆಯ ದೋಷ ಪೆಡಲ್ ಒತ್ತಿದಾಗ. ಘಟ್ಟ ಏರುವಾಗ ಮಾತ್ರ ದೀಪ ಹೊತ್ತುವುದಾದರೆ ಅದೂ ಒಂದು ಸುಳಿವೇ.

ಪರೀಕ್ಷೆಯ ಕ್ರಮ

ಮೊದಲು ಸಂಕೇತಗಳನ್ನೆಲ್ಲ ಬರೆದಿಟ್ಟುಕೊಳ್ಳಬೇಕು. ಅಳಿಸಿದರೆ ದೋಷ ಹುಟ್ಟಿದಾಗಿನ ವಿವರಗಳೂ ಅಳಿಸಿಹೋಗುತ್ತವೆ. ಕಾರನ್ನು ಸಮತಟ್ಟಾದ ಜಾಗದಲ್ಲಿ ನಿಲ್ಲಿಸಿ, ಹ್ಯಾಂಡ್ ಬ್ರೇಕ್ ಎಳೆದು, ಎಂಜಿನ್ ಚಾಲೂ ಮಾಡದೆ ಕೀಲಿಯನ್ನಷ್ಟೇ ತಿರುಗಿಸಿಡಬೇಕು.

ಒಂದು: ಪೆಡಲಿನ ಕೆಳಗೆ ಮ್ಯಾಟ್ ಸಿಕ್ಕಿಕೊಂಡಿದೆಯೇ, ಪೆಡಲ್ ಪೂರ್ತಿ ಮೇಲೆ ಬರುತ್ತದೆಯೇ ನೋಡಿ.

ಎರಡು: ಸ್ಕ್ಯಾನರಿನಲ್ಲಿ ಎರಡೂ ಸಂವೇದಕಗಳ ವಿಭವವನ್ನು ಒಟ್ಟಿಗೆ ನೋಡುತ್ತ ಪೆಡಲನ್ನು ಬಹಳ ನಿಧಾನವಾಗಿ ಒತ್ತಿ, ಬಿಡಿ. ಎರಡೂ ನಯವಾಗಿ ಏರಿ ಇಳಿಯಬೇಕು. ನಡುವೆ ಒಂದು ನಿರ್ದಿಷ್ಟ ಸ್ಥಾನದಲ್ಲಿ ಪ್ರತಿಸಲವೂ ಜಿಗಿತ ಕಂಡರೆ ಪಟ್ಟಿ ಸವೆದಿದೆ. ನಮ್ಮ ಕಾಲು ಹೆಚ್ಚು ಹೊತ್ತು ಇರುವುದು ಅರೆ ಒತ್ತಿದ ಸ್ಥಿತಿಯಲ್ಲಿ. ಸವೆತವೂ ಅಲ್ಲೇ ಹೆಚ್ಚು. ಅಂಕಿ ತೋರಿಸುವ ಮೀಟರಿಗೆ ಈ ಕ್ಷಣಿಕ ಜಿಗಿತ ತಪ್ಪಿಹೋಗಬಹುದು. ಹಳೆಯ ಮುಳ್ಳಿನ ಮೀಟರ್ ಇಲ್ಲಿ ಇನ್ನೂ ಉಪಯುಕ್ತ.

ಮೂರು: ಪೆಡಲನ್ನು ಅಲ್ಲಾಡಿಸದೆ ತಂತಿಯ ಕಟ್ಟನ್ನು, ಕನೆಕ್ಟರನ್ನು ಮೆಲ್ಲಗೆ ಅಲ್ಲಾಡಿಸಿ. ಆಗ ಅಂಕಿ ಕುಣಿದರೆ ದೋಷ ಪೆಡಲಿನದಲ್ಲ, ಸಂಪರ್ಕದ್ದು.

ನಾಲ್ಕು: ಕನೆಕ್ಟರ್ ಜೋಡಿಸಿದಂತೆಯೇ ಇಟ್ಟು, ಹಿಂಬದಿಯಿಂದ ತೆಳುವಾದ ಕಡ್ಡಿ ತೂರಿಸಿ ಅಳೆಯಿರಿ. ಎರಡೂ ಪೂರೈಕೆಯಲ್ಲಿ 5 ವೋಲ್ಟ್ ಇರಬೇಕು. ಎರಡೂ ಅರ್ಥ್ ತಂತಿ ಮತ್ತು ಬ್ಯಾಟರಿಯ ಋಣ ತುದಿಯ ನಡುವೆ ಹೆಚ್ಚುಕಡಿಮೆ ಸೊನ್ನೆ ಇರಬೇಕು. ನಮ್ಮ ಲೆಕ್ಕದ 0.45 ವೋಲ್ಟಿನಂಥ ನಷ್ಟ ಇಲ್ಲಿ ಸಿಕ್ಕಿಬೀಳಬಹುದು. ತಂತಿಯ ಹೊದಿಕೆಗೆ ಸೂಜಿ ಚುಚ್ಚಿ ಅಳೆಯುವ ಅಭ್ಯಾಸ ಬೇಡ. ಕರಾವಳಿಯ ಹವೆಯಲ್ಲಿ ಆ ತೂತೇ ಮುಂದಿನ ವರ್ಷದ ದೋಷವಾಗುತ್ತದೆ.

ಐದು: ಪೂರೈಕೆ, ಅರ್ಥ್, ಸಂಪರ್ಕ ಎಲ್ಲ ಸರಿಯಿದ್ದೂ ಪೆಡಲಿನ ಬಳಿಯೇ ಅಳೆದ ಸಂಕೇತ ತಪ್ಪಾಗಿದ್ದರೆ, ಆಗ ಮಾತ್ರ ಪೆಡಲ್ ಬದಲಿಸಬೇಕು. ಪೆಡಲಿನ ಬಳಿ ಸರಿಯಾಗಿದ್ದು ಗಣಕದ ಬಳಿ ತಪ್ಪಾಗಿದ್ದರೆ ನಡುವಿನ ತಂತಿಯನ್ನು ಹುಡುಕಬೇಕು.

ಕಿಲುಬು ಹಿಡಿದ ಪಿನ್ನನ್ನು ಮರಳುಕಾಗದದಿಂದ ಉಜ್ಜಬಾರದು. ಪಿನ್ನಿನ ಮೇಲಿನ ತೆಳುಲೇಪ ಹೋಗಿ ಕಿಲುಬು ಇನ್ನೂ ಬೇಗ ಬರುತ್ತದೆ. ವಿದ್ಯುತ್ ಸಂಪರ್ಕಗಳಿಗೆಂದೇ ಇರುವ ದ್ರಾವಣ ಸಿಂಪಡಿಸಿ, ಒಣಗಿಸಿ, ನೀರು ಬಂದ ದಾರಿಯನ್ನು ಮುಚ್ಚಬೇಕು. ಪಿನ್ ತೀರ ತಿಂದುಹೋಗಿದ್ದರೆ ಅದನ್ನೇ ಬದಲಿಸಬೇಕು. ಕೆಲವು ಕಾರುಗಳಲ್ಲಿ ಪೆಡಲ್ ಬದಲಿಸಿದ ಮೇಲೆ ಸ್ಕ್ಯಾನರ್ ಮೂಲಕ ಗಣಕಕ್ಕೆ ಹೊಸ ಆರಂಭ ಸ್ಥಾನವನ್ನು ತಿಳಿಸಬೇಕಾಗುತ್ತದೆ.

ತವರದ ಮೀಸೆ

ಪೆಡಲೇ ನಿಜವಾಗಿ ತಪ್ಪಿತಸ್ಥನಾದ ಪ್ರಸಂಗವೂ ಇದೆ. ಟೊಯೊಟಾ ಕಾರುಗಳು ತಾವಾಗಿ ವೇಗ ಹೆಚ್ಚಿಸಿಕೊಳ್ಳುತ್ತವೆ ಎಂಬ ದೂರುಗಳು ಅಮೆರಿಕದಲ್ಲಿ 2009-10ರಲ್ಲಿ ದೊಡ್ಡ ಸುದ್ದಿಯಾದವು. ಅಲ್ಲಿನ ಸರ್ಕಾರ ತನಿಖೆಗೆ ನಾಸಾದ ಎಂಜಿನಿಯರುಗಳ ನೆರವು ಪಡೆಯಿತು. ವಿದ್ಯುನ್ಮಾನ ದೋಷದಿಂದ ಥ್ರಾಟಲ್ ಅಪಾಯಕರವಾಗಿ ತೆರೆದುಕೊಂಡಿತು ಎನ್ನಲು ಪುರಾವೆ ಸಿಗಲಿಲ್ಲ ಎಂದು 2011ರ ಫೆಬ್ರುವರಿಯಲ್ಲಿ ವರದಿ ಬಂತು. ಆದರೆ ಕೆಟ್ಟ ಪೆಡಲೊಂದನ್ನು ಬಿಚ್ಚಿ ನೋಡಿದಾಗ, ತವರದ ಲೇಪದಿಂದ ಕೂದಲಿಗಿಂತಲೂ ತೆಳುವಾದ ಲೋಹದ ಎಳೆ ಬೆಳೆದು ಎರಡು ಸಂವೇದಕಗಳ ಸಂಕೇತಗಳನ್ನು ಪರಸ್ಪರ ಜೋಡಿಸಿದ್ದು ಕಂಡುಬಂತು. ಇಂಥ ಎಳೆಗೆ ತವರದ ಮೀಸೆ ಎಂದು ಹೆಸರು. ಸ್ವತಂತ್ರರಾಗಿರಬೇಕಾದ ಸಾಕ್ಷಿಗಳಿಬ್ಬರನ್ನು ಒಂದು ಎಳೆ ಗುಟ್ಟಾಗಿ ಮಾತಾಡಿಸಿದಂತಾಗಿತ್ತು! ಅದು ಪತ್ತೆಯಾದದ್ದೂ ಊಹೆಯಿಂದಲ್ಲ, ಅಳತೆಯಿಂದ.

ವಿದ್ಯುತ್ ಕಾರುಗಳಲ್ಲಿ ಥ್ರಾಟಲ್ ಕವಾಟವಿಲ್ಲ, ಇಂಧನವೂ ಇಲ್ಲ. ಆದರೂ ಚಾಲಕನ ಕಾಲಿನ ಇಚ್ಛೆಯನ್ನು ಮೋಟಾರಿಗೆ ಮುಟ್ಟಿಸುವುದು ಇಂಥದೇ ಸಂವೇದಕ. ಹೀಗಾಗಿ ಈ ಪರೀಕ್ಷೆಯ ಕ್ರಮ ಮುಂದೆಯೂ ಉಪಯೋಗಕ್ಕೆ ಬರುವಂಥದು. ದೀಪ ಹೊತ್ತಿದಾಗ ‘ಯಾವ ಭಾಗ ಬದಲಿಸಬೇಕು?’ ಎಂದು ಕೇಳುವ ಮೊದಲು ‘ಎಲ್ಲಿ ಎಷ್ಟು ವೋಲ್ಟ್ ಸಿಕ್ಕಿತು?’ ಎಂದು ಕೇಳುವುದನ್ನು ವಾಹನ ಮಾಲೀಕರೂ ರೂಢಿಸಿಕೊಳ್ಳುವುದು ಒಳ್ಳೆಯದು.