ಮಗಳ ಪಾಲು

ಗುಂಡ್ಲುಪೇಟೆಯ ಮತದಾರರು ಹಲವು ಬಾರಿ ಆರಿಸಿ ಕಳುಹಿಸಿದ ಕೆ. ಎಸ್. ನಾಗರತ್ನಮ್ಮನವರು 1972ರಿಂದ 1978ರವರೆಗೆ ರಾಜ್ಯ ವಿಧಾನಸಭೆಯ ಪ್ರಥಮ ಮಹಿಳಾ ಸಭಾಧ್ಯಕ್ಷರಾಗಿದ್ದರು. ಅಂಥ ಪೀಠಕ್ಕೆ ಹೆಣ್ಣನ್ನು ಕಳುಹಿಸಿದ ಈ ತಾಲ್ಲೂಕಿನಲ್ಲಿ, ಎರಡೆಕರೆ ಹೊಲವನ್ನು ಮಗಳ ಹೆಸರಿಗೆ ಬರೆಯಲು ಮಾತ್ರ ಇಂದಿಗೂ ಕೈ ಹಿಂಜರಿಯುತ್ತದೆ.

ಗಂಡಿನ ಯಜಮಾನಿಕೆ ಸೃಷ್ಟಿಯಷ್ಟೇ ಹಳೆಯದೆಂಬುದು ರೂಢಿಯ ಮಾತು. ಅನೇಕ ಮಾನವಶಾಸ್ತ್ರಜ್ಞರು ಇದನ್ನೊಪ್ಪರು. ಬೇಟೆಯಾಡಿ, ಗೆಡ್ಡೆಗೆಣಸು ಆಯ್ದು ಬದುಕಿದ ಗುಂಪುಗಳಲ್ಲಿ ಕೂಡಿಡುವ ಆಸ್ತಿಯಿರಲಿಲ್ಲ. ಹೆಣ್ಣಿನ ದುಡಿಮೆಗೂ ಮಾತಿಗೂ ಬೆಲೆಯಿತ್ತು. ನೇಗಿಲು, ದನಕರು, ಸ್ವಂತ ಹೊಲ ಬಂದ ಮೇಲೆ ವಾರಸುದಾರನ ಚಿಂತೆ ಹುಟ್ಟಿತು. ಹೆಣ್ಣು ಹೊಸಿಲೊಳಗಾದಳು. ಆದಿಕಾಂಡವೂ ಸ್ತ್ರೀಪುರುಷರಿಬ್ಬರನ್ನೂ ದೇವರ ಸ್ವರೂಪದಲ್ಲೇ ಕಾಣುತ್ತದೆ; ಗಂಡನ ಒಡೆತನದ ಮಾತು ಬರುವುದು ಪಾಪದ ನಂತರ.

ಕ್ರೈಸ್ತರಾದ ನಮಗೆ ಕಾನೂನಿನ ನೆಪವೂ ಇಲ್ಲ. 1925ರ ಭಾರತೀಯ ಉತ್ತರಾಧಿಕಾರ ಕಾಯಿದೆಯು, ಉಯಿಲು ಇಲ್ಲದಾಗ, ಮಗನಿಗೂ ಮಗಳಿಗೂ ಸಮಪಾಲು ನೀಡುತ್ತದೆ. ನೆರೆಯ ಕೇರಳದ ತಿರುವಾಂಕೂರಿನಲ್ಲಿ 1916ರ ಕಾಯಿದೆಯಂತೆ ಮಗಳಿಗೆ ದೊರೆಯುತ್ತಿದ್ದುದು ಮಗನ ಪಾಲಿನ ಕಾಲುಭಾಗ ಅಥವಾ 5,000 ರೂಪಾಯಿ, ಯಾವುದು ಕಡಿಮೆಯೋ ಅಷ್ಟೇ. ಮೇರಿ ರಾಯ್ ಎಂಬ ಸಿರಿಯನ್ ಕ್ರೈಸ್ತ ಮಹಿಳೆ ಹೋರಾಡಿ, 1986ರಲ್ಲಿ ಸುಪ್ರೀಂ ಕೋರ್ಟಿನಿಂದ ಅಲ್ಲಿಯೂ ಸಮಪಾಲು ಪಡೆದರು.

ಆದರೆ ಕಾಯಿದೆ ಕೊಟ್ಟದ್ದನ್ನು ನಾವು ಹಕ್ಕು ಬಿಡುಗಡೆ ಪತ್ರದಿಂದ ಹಿಂದಕ್ಕೆ ಪಡೆಯುತ್ತೇವೆ. ತಂದೆಯ ಪುಣ್ಯಸ್ಮರಣೆಯ ಬಲಿಪೂಜೆ ಮುಗಿದೊಡನೆ ತಂಗಿಯ ಮುಂದೆ ಕಾಗದವಿಟ್ಟು, "ನಿನ್ನ ಮದುವೆಗೇ ಬಹಳ ಖರ್ಚಾಯಿತಲ್ಲಮ್ಮಾ" ಎನ್ನುವ ಅಣ್ಣಂದಿರಿದ್ದಾರೆ. ಸಹಿ ಹಾಕದಿದ್ದರೆ ತವರಿನ ಬಾಗಿಲು ಮುಚ್ಚೀತೆಂಬ ಭಯ ಅವಳಿಗೆ. ಅಣ್ಣನ ಮದುವೆಯ ಖರ್ಚನ್ನು ಅವನ ಪಾಲಿನಲ್ಲಿ ಕಳೆದುದನ್ನು ಮಾತ್ರ ನಾವು ಕಾಣೆವು!