ಕಣ್ಣೀರಿನಿಂದ ಕಾರ್ಯದೆಡೆಗೆ: ನಟಿ ಸ್ನೇಹಲತಾ ರೆಡ್ಡಿ

ನಾಟಕದ ಪ್ರೇಕ್ಷಕರನ್ನು ಕುರಿತು ಸಂತ ಅಗಸ್ಟೀನರು ಎತ್ತಿದ ಆಕ್ಷೇಪವೊಂದು ಇಂದಿಗೂ ಹಳತಾಗಿಲ್ಲ. ರಂಗದ ಮೇಲಿನ ಕಲ್ಪಿತ ದುಃಖಕ್ಕೆ ನಾವು ಕಣ್ಣೀರಿಡುತ್ತೇವೆ. ಆ ದುಃಖವನ್ನು ನೀಗಿಸಬೇಕೆಂಬ ಹೊಣೆ ಮಾತ್ರ ನಮ್ಮ ಮೇಲಿರುವುದಿಲ್ಲ. ಹಾಗಿದ್ದರೆ ಅದು ಎಂಥ ಕರುಣೆ? ಈ ಪ್ರಶ್ನೆಗೆ ತಮ್ಮ ಬಾಳಿನಿಂದಲೇ ಉತ್ತರವಿತ್ತವರು ನಟಿ ಸ್ನೇಹಲತಾ ರೆಡ್ಡಿಯವರು.

1932ರಲ್ಲಿ ಕ್ರೈಸ್ತ ಕುಟುಂಬದಲ್ಲಿ ಜನಿಸಿದ ಅವರು ‘ಮದ್ರಾಸ್ ಪ್ಲೇಯರ್ಸ್’ ನಾಟಕ ತಂಡದ ಸ್ಥಾಪಕರಲ್ಲೊಬ್ಬರು. ಯು. ಆರ್. ಅನಂತಮೂರ್ತಿಯವರ ಕಾದಂಬರಿಯನ್ನಾಧರಿಸಿ ಪತಿ ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ ‘ಸಂಸ್ಕಾರ’ (1970) ಚಿತ್ರದಲ್ಲಿ ಚಂದ್ರಿಯ ಪಾತ್ರ ವಹಿಸಿದರು. ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದಿದ್ದ ಆ ಚಿತ್ರವೇ ಅತ್ಯುತ್ತಮ ಚಲನಚಿತ್ರವೆಂಬ ರಾಷ್ಟ್ರಪ್ರಶಸ್ತಿ ಗಳಿಸಿದ ಪ್ರಥಮ ಕನ್ನಡ ಚಿತ್ರವಾಯಿತು. ನಾರಣಪ್ಪನ ಶವಕ್ಕೆ ಸಂಸ್ಕಾರ ಮಾಡುವವರು ಯಾರೆಂದು ಅಗ್ರಹಾರದ ಪಂಡಿತರು ತರ್ಕಿಸುತ್ತಿರುವಾಗ, ಅವರು ಕೀಳೆಂದೆಣಿಸಿದ ಚಂದ್ರಿ ತನ್ನ ಒಡವೆಗಳನ್ನೇ ತೆಗೆದಿಡುತ್ತಾಳೆ. ಕಡೆಗೆ ಮುಸಲ್ಮಾನನೊಬ್ಬನ ನೆರವಿನಿಂದ ಇರುಳಿನಲ್ಲಿ ಶವದಹನ ಮಾಡಿಸುತ್ತಾಳೆ.

ಮೃತರಿಗೆ ಅಂತ್ಯಸಂಸ್ಕಾರ ಮಾಡುವುದು, ಸೆರೆಯಲ್ಲಿರುವವರನ್ನು ಸಂದರ್ಶಿಸುವುದು, ಇವೆರಡೂ ಧರ್ಮಸಭೆ ಬೋಧಿಸುವ ಏಳು ದಯಾಕಾರ್ಯಗಳಲ್ಲಿ ಸೇರಿವೆ. ಮೊದಲನೆಯದನ್ನು ಸ್ನೇಹಲತಾ ಅಭಿನಯಿಸಿದರು. ಎರಡನೆಯದು ಅವರನ್ನು ಬಾಳಿನಲ್ಲಿಯೇ ಅರಸಿಕೊಂಡು ಬಂದಿತು.

ಸಮಾಜವಾದಿ ವಿಚಾರಗಳಲ್ಲಿ ನಂಬಿಕೆಯಿಟ್ಟಿದ್ದ, ಜಾರ್ಜ್ ಫರ್ನಾಂಡಿಸರಿಗೆ ಆಪ್ತರಾಗಿದ್ದ ಅವರು ತುರ್ತುಪರಿಸ್ಥಿತಿಯನ್ನು ವಿರೋಧಿಸಿದರು. 1976ರ ಮೇ ತಿಂಗಳಲ್ಲಿ ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಬಂಧಿತರಾದರು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಆದರೂ ಮೀಸಾ ಕಾಯಿದೆಯಡಿ ಬಿಡುಗಡೆ ದೊರೆಯಲಿಲ್ಲ. ಇಂದು ಫ್ರೀಡಂ ಪಾರ್ಕ್ ಆಗಿರುವ ಬೆಂಗಳೂರಿನ ಅಂದಿನ ಕೇಂದ್ರ ಕಾರಾಗೃಹದಲ್ಲಿ ಎಂಟು ತಿಂಗಳು ಕಳೆದರು. ಉಬ್ಬಸದಿಂದ ಉಸಿರುಗಟ್ಟುತ್ತಿದ್ದರೂ, ಬಡ ಮಹಿಳಾ ಕೈದಿಗಳನ್ನು ಹೊಡೆಯುವುದರ ವಿರುದ್ಧ, ಅವರ ಆಹಾರದ ಸುಧಾರಣೆಗಾಗಿ ದನಿಯೆತ್ತಿದರು. ಅಲ್ಲಿ ಚಪ್ಪಾಳೆ ತಟ್ಟುವ ಪ್ರೇಕ್ಷಕರಿರಲಿಲ್ಲ. ರೋಗ ಉಲ್ಬಣಿಸಿದ ಬಳಿಕ 1977ರ ಜನವರಿ 15ರಂದು ಪೆರೋಲ್ ದೊರೆಯಿತು. ಜನವರಿ 20ರಂದು ಅವರು ಕಣ್ಣುಮುಚ್ಚಿದರು. ಅವರ ಸೆರೆಮನೆಯ ದಿನಚರಿ ಅದೇ ವರ್ಷ ಪ್ರಕಟವಾಯಿತು.

ರಾಯಚೂರು, ದೇವದುರ್ಗ, ಮಾನ್ವಿ ಸೀಮೆಯ ನಮಗೆ ಈ ಬಾಳು ದೂರದ್ದಲ್ಲ. ನಮ್ಮ ಹಳ್ಳಿಗಳಲ್ಲಿ ಜಾತ್ರೆಯೆಂದರೆ ನಾಟಕವುಂಟು. ಸ್ತ್ರೀಪಾತ್ರಕ್ಕೆ ಪರಊರಿನ ಕಲಾವಿದೆಯರನ್ನು ಕರೆಸುವ ವಾಡಿಕೆಯುಂಟು. ಇರುಳೆಲ್ಲ ಅವರ ಅಳುವಿಗೆ ಅಳುವ ನಾವು, ಬೆಳಗಾದ ಮೇಲೆ ಬಸ್ಸಿಗೆ ಕಾದು ನಿಂತ ಅದೇ ಹೆಣ್ಣುಮಗಳನ್ನು ಯಾವ ಕಣ್ಣಿನಿಂದ ನೋಡುತ್ತೇವೆ? ಅವಳ ಬಗೆಗೆ ಏನು ಮಾತನಾಡುತ್ತೇವೆ? ಅಗ್ರಹಾರದವರು ಚಂದ್ರಿಯನ್ನು ಕಂಡ ಬಗೆಗೂ ನಮ್ಮ ನೋಟಕ್ಕೂ ಇರುವ ಅಂತರವೆಷ್ಟು?

ಪ್ರಿಯ ವಾಚಕರೇ, ಸೆರೆಯಾಳಿಗೆ ಮಾಡಿದ್ದು ತನಗೇ ಮಾಡಿದ್ದೆಂದು ಪ್ರಭು ಯೇಸು ಬೋಧಿಸಿದ್ದಾರೆ. ನಾಟಕ ನೋಡೋಣ, ಅತ್ತರೂ ತಪ್ಪಿಲ್ಲ. ಆದರೆ ಕಲಾವಿದೆಗೆ ಗೌರವದ ಒಂದು ಮಾತು, ಸೆರೆಮನೆಗೆ ಹೋದವನ ಹೆಂಡತಿ ಮಕ್ಕಳಿಗೆ ಒಂದು ಹೊತ್ತಿನ ಊಟ, ಅನಾಥ ಶವಕ್ಕೊಂದು ಹೆಗಲು: ನಮ್ಮ ಕಣ್ಣೀರು ಇಷ್ಟರಮಟ್ಟಿಗಾದರೂ ಫಲ ನೀಡಲಿ.