ಮೆಟ್ಟಿಲು ಎಷ್ಟಿವೆ? ಎಲ್ಲಿವೆ?

ನ್ಯೂಯಾರ್ಕ್‌ನ ವಿಶ್ವ ವಾಣಿಜ್ಯ ಕೇಂದ್ರದ ಅವಳಿ ಗೋಪುರಗಳಲ್ಲಿ ತಲಾ ಮೂರು ಮೆಟ್ಟಿಲು ಮಾರ್ಗಗಳಿದ್ದವು. ಮೂರೂ ಕಟ್ಟಡದ ನಡುಭಾಗದಲ್ಲಿದ್ದು, ಸುತ್ತಲಿನ ಗೋಡೆ ಕಾಂಕ್ರೀಟಿನದಾಗಿರದೆ ಜಿಪ್ಸಂ ಬೋರ್ಡಿನದಾಗಿತ್ತು. 2001ರ ಸೆಪ್ಟೆಂಬರ್ 11ರಂದು ಅಪಹೃತ ವಿಮಾನ ಉತ್ತರ ಗೋಪುರದ 93ರಿಂದ 99ನೇ ಮಹಡಿಗಳಿಗೆ ಅಪ್ಪಳಿಸಿದಾಗ ಮೂರೂ ಏಕಕಾಲಕ್ಕೆ ಮುಚ್ಚಿಹೋದವು. 91ನೇ ಮಹಡಿಗಿಂತ ಮೇಲಿದ್ದವರಲ್ಲಿ ಒಬ್ಬರೂ ಬದುಕುಳಿಯಲಿಲ್ಲ.

ದಕ್ಷಿಣ ಗೋಪುರದಲ್ಲಿ ಆದದ್ದೇ ಬೇರೆ. ವಿಮಾನ ನುಗ್ಗಿದ ಮಹಡಿಗಳಲ್ಲಿ ಲಿಫ್ಟ್ ಯಂತ್ರಗಳಿಗೆ ಜಾಗ ಬಿಡಲೆಂದು ಮೆಟ್ಟಿಲುಗಳನ್ನು ದೂರ ಸರಿಸಲಾಗಿತ್ತು, ಸುರಕ್ಷತೆಯ ಲೆಕ್ಕಾಚಾರದಿಂದಲ್ಲ. ಉತ್ತರದಲ್ಲಿ ಸುಮಾರು 70 ಅಡಿಯಿದ್ದ ಅಂತರ ಇಲ್ಲಿ ಸುಮಾರು 200 ಅಡಿ. ಹೀಗಾಗಿ ಒಂದು ಮೆಟ್ಟಿಲು ಉಳಿಯಿತು; ಆ ಮಹಡಿಗಳಲ್ಲಿಯೂ ಅವುಗಳ ಮೇಲೆಯೂ ಇದ್ದವರಲ್ಲಿ 18 ಮಂದಿ ಅದರಲ್ಲಿಳಿದು ಪಾರಾದರು.

ಅಮೆರಿಕದಲ್ಲಿ ಮಾದರಿಯಾಗಿರುವ ಅಂತಾರಾಷ್ಟ್ರೀಯ ಕಟ್ಟಡ ಸಂಹಿತೆಯ 2009ರ ಆವೃತ್ತಿಯು 420 ಅಡಿ ಮೀರಿದ ಕಚೇರಿ ಕಟ್ಟಡಗಳಿಗೆ ಹೆಚ್ಚುವರಿ ಮೆಟ್ಟಿಲನ್ನಷ್ಟೇ ಅಲ್ಲದೆ, ಮೆಟ್ಟಿಲುಗಳ ನಡುವೆ ಕನಿಷ್ಠ ಅಂತರವನ್ನೂ ವಿಧಿಸಿತು.